ಮುಖಕ್ಕೆ ಬೇಡ

ಮಾರ್ಚ್ 3, ಸೋಮವಾರ

ತಿಂದದ್ದನ್ನೆಲ್ಲ ಬರೆದಿಡಿ ಎಂದು ತೂಕದ ಡಾಕ್ಟರು ಈ ನೋಟ್‌ಬುಕ್ ಕೊಟ್ಟರು. ಬೆಳಿಗ್ಗೆ: ಬ್ರೆಡ್ಡು ಆರು ತುಂಡು, ಮೊಟ್ಟೆ ಎರಡು, ಹಾಲು. ಮಧ್ಯಾಹ್ನ: ಅನ್ನ, ಬೇಯಿಸಿದ ತರಕಾರಿ, ಮತ್ತೆ ಅನ್ನ. ಮುಗಿಯಿತು. ಇದಕ್ಕೆ ಎರಡು ಸಾಲು ಸಾಕು, ಡಾಕ್ಟರು ಇನ್ನೂರು ಹಾಳೆ ಕೊಟ್ಟಿದ್ದಾರೆ. ನನ್ನ ಹೊಟ್ಟೆಯ ಮೇಲೆ ಅವರಿಗೆ ಅಷ್ಟು ನಂಬಿಕೆ.

ತೂಕ ನೂರ ನಲವತ್ತಾರು. ಕ್ಲಿನಿಕ್ಕಿನ ತೂಕದ ಯಂತ್ರ ನೂರ ಇಪ್ಪತ್ತಕ್ಕೇ ಕೈಚೆಲ್ಲುತ್ತದೆ. ಹಾಗಾಗಿ ನಾನು ಕೆಲಸ ಮಾಡುವ ಆಸ್ಪತ್ರೆಯ ಲಾಂಡ್ರಿಯಲ್ಲಿ, ಕೊಳೆಬಟ್ಟೆಯ ಗಂಟು ತೂಗುವ ಕಬ್ಬಿಣದ ಹಲಗೆಯ ಮೇಲೆ ನಿಂತೆ. ಮಿಲಿಟರಿ ಮುಳ್ಳು ನೋಡಿ ಹೇಳಿದಳು. ಇವಳು ಇಸ್ತ್ರಿಯ ದೊಡ್ಡ ರೋಲರ್ ನೋಡಿಕೊಳ್ಳುವವಳು. ಹೊದಿಕೆಯ ಮಡಿಕೆ ಒಂದು ಬೆರಳು ಆಚೀಚೆಯಾದರೂ ಕವಾಯತಿನವರ ಹಾಗೆ ಕೂಗುತ್ತಾಳೆ, ಅದಕ್ಕೇ ಆ ಹೆಸರು. ಅವಳು ನನ್ನನ್ನು ಕರೆಯುವುದು ರೋಡ್ ರೋಲರ್ ಎಂದು. ಹದಿನಾಲ್ಕು ವರ್ಷದಿಂದ ಒಟ್ಟಿಗಿದ್ದೇವೆ, ಬೇಜಾರಿಲ್ಲ.

ದಪ್ಪ ಮೈಯಲ್ಲಿ ಬದುಕುವುದು ಹೇಗೆ ಅಂತ ಒಂದು ಸಾಕ್ಷ್ಯಚಿತ್ರ ಮಾಡುತ್ತಾರಂತೆ. ಡಾಕ್ಟರು ನನ್ನ ಹೆಸರು ಹೇಳಿದ್ದಾರೆ. ಐದು ವಾರ ಮನೆ, ಬೀದಿ, ಕೆಲಸ, ಎಲ್ಲ ಕಡೆ ಬೆನ್ನ ಹಿಂದೆ ಕ್ಯಾಮರಾ. ಮನೆಯಲ್ಲಿ ಕೇಳಿ ಹೇಳುತ್ತೇನೆ ಎಂದೆ.

ನಿನ್ನೆ ಬಾತ್‌ರೂಮಿನಲ್ಲಿ ಬಿದ್ದೆ. ಎಡತೊಡೆ ಊದಿದೆ.

ಮಾರ್ಚ್ 4, ಮಂಗಳವಾರ

ನಿನ್ನೆಯ ಕೊನೆಯ ಸಾಲು ಓದಿದೆ. ಈ ಪುಸ್ತಕ ಲಾಂಡ್ರಿಯಲ್ಲೇ ಇರುತ್ತದೆ, ನನ್ನ ಬೀರುವಿನಲ್ಲಿ, ಹರಿದ ದಿಂಬಿನ ಚೀಲಗಳ ಕೆಳಗೆ. ಬರೆಯುವುದು ಊಟದ ಬಿಡುವಿನಲ್ಲಿ. ನನ್ನ ಯಜಮಾನರ ಕೈಗೆ ಸಿಗುವ ಮಾತಿಲ್ಲ. ಆದರೂ ಸುಳ್ಳು ಬರೆದಿದ್ದೇನೆ. ಹೇಳಿ ಹೇಳಿ ರೂಢಿ.

ನಾನು ಬಿದ್ದಿಲ್ಲ. ಇವರು ಹೊಡೆದರು, ಕಾರಿನ ಜಾಕ್ ತಿರುಗಿಸುವ ಕಬ್ಬಿಣದ ಸರಳಿನಿಂದ. ಟವೆಲ್ ಸುತ್ತಿ ಹೊಡೆಯುತ್ತಾರೆ, ಚರ್ಮ ಒಡೆಯುವುದಿಲ್ಲ. ನನ್ನದೂ ತಪ್ಪಿತ್ತು. ಭಾನುವಾರ ಇವರ ಅಂಗಿ ಇಸ್ತ್ರಿಯಾಗಿರಲಿಲ್ಲ.

ಇವರು ಡ್ರೈವಿಂಗ್ ಸ್ಕೂಲಿನ ಮೇಷ್ಟ್ರು. ತೂಕ ಐವತ್ತಾರು ಕಿಲೋ. ತಾಳ್ಮೆಗೆ ಹೆಸರುವಾಸಿ. ಕಲಿಯುವವರು ಕಾರನ್ನು ಗೋಡೆಗೆ ಗುದ್ದಿದರೂ "ಪರವಾಗಿಲ್ಲಮ್ಮ, ಗೋಡೆ ಎಲ್ಲೂ ಓಡಿಹೋಗಲ್ಲ, ಇನ್ನೊಂದು ಸಲ ನೋಡೋಣ" ಎನ್ನುತ್ತಾರಂತೆ. ಊರೆಲ್ಲ ಹೊಗಳುತ್ತದೆ. ನಾವಿಬ್ಬರೂ ಜೊತೆಗೆ ಹೊರಟರೆ ಬೀದಿಯ ಹೆಂಗಸರು, "ಮೇಷ್ಟ್ರೇ, ಹುಷಾರು, ಮಗ್ಗುಲು ಬದಲಾಯಿಸಿದ್ರೆ ನಿಮ್ಮ ಕಥೆ ಮುಗೀತು" ಎಂದು ನಗುತ್ತಾರೆ. ಇವರೂ ನಗುತ್ತಾರೆ. ನಾನೂ ನಗುತ್ತೇನೆ.

ನನ್ನ ಮೈಮೇಲಿನ ಕಲೆಗಳನ್ನು ಯಾರೂ ಎರಡನೇ ಸಲ ಕೇಳಿಲ್ಲ. ಬಿದ್ದೆ ಎಂದರೆ ಸಾಕು. ದಪ್ಪಗಿರುವವರು ಬೀಳುತ್ತಾರೆ, ಅದು ಲೋಕಕ್ಕೇ ಗೊತ್ತು. ಡಾಕ್ಟರು ಕೂಡ ಮಂಡಿಯ ಬಗ್ಗೆ ಪಾಠ ಹೇಳಿ ಮುಲಾಮು ಬರೆದುಕೊಟ್ಟರು.

ಸಿನಿಮಾಕ್ಕೆ ಇವರು ಒಪ್ಪಿದರು. "ನಮ್ಮ ಸ್ಕೂಲಿನ ಬೋರ್ಡು ಕಾಣುತ್ತಾ ಕೇಳು" ಎಂದರು.

ಮಾರ್ಚ್ 10, ಸೋಮವಾರ

ಸಿನಿಮಾದವರು ಬಂದರು. ನಿರ್ದೇಶಕಿಗೆ ಮೂವತ್ತೈದಿರಬಹುದು, ಕಣ್ಣಲ್ಲೇ ಅಳತೆ ತೆಗೆಯುತ್ತಾಳೆ. ಕ್ಯಾಮರಾದವನಿಗೆ ಮಾತೇ ಇಲ್ಲ. ಸೌಂಡಿನ ಹುಡುಗಿ ದೊಡ್ಡ ಹೆಡ್‌ಫೋನು ಹಾಕಿಕೊಂಡು ಬಂದು, "ಅಕ್ಕಾ, ಸ್ವಲ್ಪ ಕೈ ಎತ್ತಿ" ಎಂದು ನನ್ನ ಎದೆಯ ಬಟ್ಟೆಯೊಳಗೆ ಅಂಗಿಗುಂಡಿಯಷ್ಟು ಚಿಕ್ಕ ಮೈಕು ಸಿಕ್ಕಿಸಿದಳು. ಅವಳ ಕೈ ತಣ್ಣಗಿತ್ತು. ಸೊಂಟದ ಬಳಿ ಬೆರಳು ತಾಗಿದಾಗ ನಾನು ಬೆಚ್ಚಿದೆ. "ಸಾರಿ ಅಕ್ಕಾ, ಕಚಗುಳಿನಾ?" ಎಂದಳು. ಹೌದು ಎಂದೆ.

ಕ್ಯಾಮರಾದ ಮುಂದೆ ಇವರು ನನ್ನ ಭುಜದ ಮೇಲೆ ಕೈಯಿಟ್ಟು ಹೇಳಿದರು: "ನನ್ನ ಹೆಂಡತಿ ಎಷ್ಟು ದಪ್ಪ ಇದ್ದಾಳೋ ಅವಳ ಮನಸ್ಸು ಅದಕ್ಕಿಂತ ದೊಡ್ಡದು." ನಿರ್ದೇಶಕಿಯ ಕಣ್ಣು ಒದ್ದೆಯಾಯಿತು. ಅತ್ತೆ ತಮ್ಮ ಕುರ್ಚಿಯಲ್ಲಿ ಟೀವಿ ನೋಡುತ್ತ ಕೂತಿದ್ದರು. ಅವರಿಗೆ ಎಪ್ಪತ್ತೆರಡು, ಕಿವಿ ಚೆನ್ನಾಗಿಯೇ ಇದೆ. ಒಳಕೋಣೆಯಲ್ಲಿ ಸದ್ದು ಶುರುವಾದರೆ ಟೀವಿಯ ಸದ್ದು ಏರಿಸುತ್ತಾರೆ, ಅಷ್ಟೇ.

ಬೆಳಿಗ್ಗೆ ಏಳರಿಂದ ಸಂಜೆ ಏಳರವರೆಗೆ ಇರುತ್ತಾರಂತೆ, ಮನೆತುಂಬ ಜನ. ಬೆಳಗಿನಿಂದ ಒಂದೂ ಏಟಿಲ್ಲ.

ಮಾರ್ಚ್ 13, ಗುರುವಾರ

ಕ್ಲಿನಿಕ್ಕಿನ ಮೆಟ್ಟಿಲು ಇಪ್ಪತ್ತೆರಡು. ನಾಲ್ಕು ಸಲ ಹತ್ತಿಸಿದರು. ಮೊದಲ ಸಲ ಮುಖದಿಂದ, ಎರಡನೇ ಸಲ ಬೆನ್ನಿನಿಂದ, ಮೂರನೇ ಸಲ ಬರೀ ಕಾಲು. ನಾಲ್ಕನೆಯದಕ್ಕೆ ಉಸಿರು ಸಿಗದೆ ಕಂಬಿ ಹಿಡಿದು ನಿಂತೆ, ಕಣ್ಣು ಕತ್ತಲಿಟ್ಟಿತು. "ಹಾಗೇ ಇರಿ, ಹಾಗೇ ಇರಿ" ಎಂದಳು ನಿರ್ದೇಶಕಿ. ಆಮೇಲೆ ನೀರು ಕೊಟ್ಟಳು.

ಸುತ್ತಳತೆ ತೆಗೆಯುವಾಗ ಒಳಲಂಗದಲ್ಲಿ ನಿಲ್ಲಿಸಿದರು. ತೊಡೆಯ ಮೇಲಿನ ನೀಲಿಯನ್ನು ಕ್ಯಾಮರಾದವನು ಹತ್ತಿರದಿಂದ ತೆಗೆದ. "ಇದು ಬಿದ್ದಿದ್ದಾ?" ಎಂದು ನಿರ್ದೇಶಕಿ ಕೇಳಿದಳು. ಹೌದು ಎಂದೆ. "ಎಷ್ಟು ಸಲ ಬೀಳ್ತೀರಿ?" "ವಾರಕ್ಕೊಂದು ಸಲ." ಅದನ್ನು ಅವಳು ಬರೆದುಕೊಂಡಳು. ತುಂಬ ಮುಖ್ಯವಾದ ಮಾಹಿತಿಯಂತೆ.

ಮಾರ್ಚ್ 17, ಸೋಮವಾರ

ನಿನ್ನೆ ಶೂಟಿಂಗಿಗೆ ರಜೆ. ಇವರು ಬೆಳಿಗ್ಗೆ ಹತ್ತಕ್ಕೆ ಶುರುಮಾಡಿದರು. ಆರು ದಿನ ಒಳ್ಳೆಯವರಾಗಿದ್ದ ಸುಸ್ತೆಲ್ಲ ಒಂದೇ ದಿನ ಹೊರಗೆ ಬಂತು. ಗೋಡೆಯ ಕಡೆ ಮುಖ ಮಾಡಿ ಬಗ್ಗಿ ನಿಲ್ಲಬೇಕು. ಸೊಂಟ, ಪಕ್ಕೆಯ ಕೆಳಗೆ, ತೊಡೆಯ ಹಿಂದೆ. ಬಿದ್ದರೆ ಎದ್ದು ನಿಲ್ಲುವವರೆಗೆ ಕಾಯುತ್ತಾರೆ. "ನಿಧಾನಕ್ಕೆ ಏಳು, ಅವಸರ ಇಲ್ಲ" ಎನ್ನುತ್ತಾರೆ, ಪಾಠ ಹೇಳುವ ಅದೇ ದನಿಯಲ್ಲಿ. ಪಾದಕ್ಕೆ ಬಿದ್ದ ಏಟು ನೆತ್ತಿಯಲ್ಲಿ ಕೇಳಿಸುತ್ತದೆ.

ಟೀವಿಯಲ್ಲಿ ಯಾರೋ ಹಾಡುತ್ತಿದ್ದರು.

ಇವತ್ತು ಬೆಳಿಗ್ಗೆ ಕುಂಟುತ್ತ ಬಂದದ್ದನ್ನು ಕ್ಯಾಮರಾದವನು ತೆಗೆದ. "ಮಂಡಿ ನೋವು ಜಾಸ್ತಿ ಆಯ್ತಾ?" ಎಂದಳು ನಿರ್ದೇಶಕಿ. ಸೌಂಡಿನ ಹುಡುಗಿ ಮೈಕು ಸಿಕ್ಕಿಸುವಾಗ ಏನೂ ಕೇಳಲಿಲ್ಲ. ಮೈಗೆ ಕೈ ತಾಗದಂತೆ ಹುಷಾರಾಗಿ ಸಿಕ್ಕಿಸಿದಳು.

ಮಾರ್ಚ್ 20, ಗುರುವಾರ

ಇವತ್ತು ಲಾಂಡ್ರಿಯಲ್ಲಿ ಶೂಟಿಂಗು. ಬೆವರುವ ದಪ್ಪ ಹೆಂಗಸು ಸಿಗುತ್ತಾಳೆ ಎಂದು ಬಂದವರು, ಮಿಷನ್ನಿನಿಂದ ಒದ್ದೆ ಹೊದಿಕೆಗಳ ಗಂಟನ್ನು ನಾನು ಎಳೆದು ಎದೆಗೊರಗಿಸಿ ಎತ್ತಿದ್ದು ಕಂಡು ಹಿಂದೆ ಸರಿದು ದಾರಿ ಬಿಟ್ಟರು. ಒಂದು ಗಂಟು ಅರವತ್ತು ಕಿಲೋ. ದಿನಕ್ಕೆ ಮೂವತ್ತು ಗಂಟು. ಕ್ಯಾಮರಾದವನು ಮೊದಲ ಸಲ ಬಾಯಿಬಿಟ್ಟ: "ಅಮ್ಮಾ, ಇನ್ನೊಂದು ಸಲ ಎತ್ತಿ." ಮಿಲಿಟರಿ, "ಟಿಕೆಟ್ ಇಡ್ತೀನಿ, ಎಷ್ಟು ಸಲ ಬೇಕಾದ್ರೂ ನೋಡಿ" ಎಂದಳು. ಎಲ್ಲರೂ ನಕ್ಕರು. ಖುಷಿಯಾಯಿತು.

ರಕ್ತದ ಬಟ್ಟೆಯನ್ನು ಮೊದಲು ತಣ್ಣೀರಿಗೇ ಹಾಕಬೇಕು, ಬಿಸಿನೀರು ಬಿದ್ದರೆ ಕಲೆ ಹೋಗುವುದಿಲ್ಲ ಎಂದು ನಿರ್ದೇಶಕಿಗೆ ತೋರಿಸಿಕೊಟ್ಟೆ. ಅದನ್ನು ಅವಳು ಬರೆದುಕೊಳ್ಳಲಿಲ್ಲ.

ಮಾರ್ಚ್ 25, ಮಂಗಳವಾರ

ಮಾರುಕಟ್ಟೆಯಲ್ಲಿ ನಾನೊಬ್ಬಳೇ ಮುಂದೆ, ಅವರು ದೂರದಲ್ಲಿ ಹಿಂದೆ. ಜನ ನನ್ನನ್ನು ಹೇಗೆ ನೋಡುತ್ತಾರೆಂದು ತೆಗೆಯಬೇಕಂತೆ. ಈರುಳ್ಳಿ ಅಂಗಡಿಯ ಹತ್ತಿರ ಹಿಂದಿನಿಂದ ಯಾರೋ ಒದ್ದರು. ಬೂಟುಗಾಲು, ಭಾನುವಾರ ಏಟು ಬಿದ್ದ ಜಾಗಕ್ಕೇ ಸರಿಯಾಗಿ. ತಿರುಗಿದರೆ ಒಬ್ಬ ಗಡ್ಡದವನು, ಪಕ್ಕದಲ್ಲಿ ಫೋನು ಹಿಡಿದ ಅವನ ಗೆಳೆಯ. "ಅಲ್ಲಾಡುತ್ತೆ ಕಣೋ, ನೋಡು!" ಎಂದು ಮತ್ತೆ ಕಾಲೆತ್ತಿದ.

ಅವನ ಮಣಿಕಟ್ಟು ಹಿಡಿದೆ. ಹೊದಿಕೆ ಹಿಂಡುವ ಹಾಗೆ ಹಿಂಡಿದೆ. ಒಳಗೆ ಏನೋ ಲಟಕ್ ಎಂದಿತು. ಅವನು ಈರುಳ್ಳಿಯ ಮೇಲೆ ಬಿದ್ದು ಚೀರಿದ. ನಾನು ಬಿಡಲಿಲ್ಲ. ಇನ್ನೊಂದು ಸುತ್ತು ಹಿಂಡಿದೆ. ಅಂಗಡಿಯವನು ಬಂದು "ಬಿಡಮ್ಮಾ, ಬಿಡಮ್ಮಾ, ಕೈ ಕಿತ್ತು ಬರುತ್ತೆ" ಎಂದು ಬಿಡಿಸಿದ.

ನಿರ್ದೇಶಕಿ ಓಡಿ ಬಂದು ತಬ್ಬಿಕೊಂಡಳು. ಮೈ ನೋವಿಗೆ ಕಣ್ಣಲ್ಲಿ ನೀರು ಬಂತು. ಅವಳು ಬೇರೇನೋ ತಿಳಿದುಕೊಂಡಳು.

ಅನ್ನ ಎರಡು ತಟ್ಟೆ ತಿಂದೆ. ಚೆನ್ನಾಗಿತ್ತು.

ಮಾರ್ಚ್ 27, ಗುರುವಾರ

ಎಡಗೈಯಲ್ಲಿ ಬರೆಯುತ್ತಿದ್ದೇನೆ, ಅಕ್ಷರ ಸೊಟ್ಟ.

ಬೆಳಿಗ್ಗೆ ಏಳಕ್ಕೆ ಸೌಂಡಿನ ಹುಡುಗಿ ಮೈಕು ಸಿಕ್ಕಿಸಿ ಹೊರಗೆ ವ್ಯಾನಿಗೆ ಹೋದಳು. ನಾನು ಬಾಗಿಲು ತೆಗೆದು ಕೆಲಸಕ್ಕೆ ಹೊರಡುವುದನ್ನು ರಸ್ತೆಯಿಂದ ತೆಗೆಯುವುದಿತ್ತು. ಚಪ್ಪಲಿ ಹಾಕಿಕೊಳ್ಳುತ್ತಿದ್ದೆ. ಸಾಮಾನಿನ ಕೋಣೆಯಿಂದ ಇವರು ಕರೆದರು. ಮಾರುಕಟ್ಟೆಯ ಸುದ್ದಿ ಇವರ ಶಿಷ್ಯನೊಬ್ಬನಿಂದ ಗೊತ್ತಾಗಿತ್ತು.

"ಬೀದಿಯಲ್ಲಿ ಗಂಡಸಿನ ಮೇಲೆ ಕೈ ಮಾಡ್ತೀಯಾ? ನಾಳೆ ನನ್ನ ಮೇಲೆ ಮಾಡಲ್ಲ ಅಂತ ಏನು ಗ್ಯಾರಂಟಿ?"

ಇವತ್ತು ಟವೆಲ್ ಸುತ್ತಲಿಲ್ಲ. ಬಲಗೈ ಚಾಚು ಎಂದರು, ಹಿಂಡಿದ ಕೈ. ಮೊಣಕೈ ಕೆಳಗೆ ಮೂರು ಏಟು. ಮೂರನೆಯದಕ್ಕೆ ಮಂಡಿಯೂರಿದೆ. ಆಮೇಲೆ ಬೆನ್ನು. ಎಷ್ಟೆಂದು ಲೆಕ್ಕ ಸಿಗಲಿಲ್ಲ.

ಆಗ ಹೊರಬಾಗಿಲು ದಡದಡ ಬಡಿಯಿತು. ಸೌಂಡಿನ ಹುಡುಗಿ. "ಅಕ್ಕಾ! ಬಾಗಿಲು ತೆಗೀರಿ! ಅಕ್ಕಾ!" ಮೈಕು ನನ್ನ ಎದೆಯಲ್ಲೇ ಇತ್ತು. ಅದು ನನಗೂ ಮರೆತಿತ್ತು, ಆಗಲೇ ಸಿಕ್ಕಿಸಿದ್ದಾರೆಂದು ಅವರಿಗೆ ಗೊತ್ತೇ ಇರಲಿಲ್ಲ. ಸರಳನ್ನು ಕಪಾಟಿನ ಹಿಂದಿಟ್ಟು ಅವರೇ ಹೋಗಿ ಬಾಗಿಲು ತೆಗೆದರು. "ನೋಡಮ್ಮಾ, ಮತ್ತೆ ಬಿದ್ಲು" ಎಂದರು.

ವ್ಯಾನಿನಲ್ಲಿ ಹುಡುಗಿಗೂ ನಿರ್ದೇಶಕಿಗೂ ಜಗಳವಾಯಿತು. ನಾನು ನಡುವೆ ಕೂತಿದ್ದೆ. ತೋಳಿಗೆ ಯಾರೋ ಐಸು ಕಟ್ಟಿದ್ದರು.

"ಪೊಲೀಸಿಗೆ ಫೋನ್ ಮಾಡಿ" ಎಂದಳು ಹುಡುಗಿ.

"ಮನೆಯೊಳಗೆ ಶೂಟ್ ಮಾಡೋಕೆ ಸಹಿ ಹಾಕಿರೋದು ಮೇಷ್ಟ್ರು. ನಾಳೆ ಬಾಗಿಲು ಹಾಕಿದ್ರೆ ಸಿನಿಮಾನೇ ಇಲ್ಲ. ಅದೂ ಅಲ್ದೆ ಇದು ಬೇರೆ ವಿಷಯ. ನಮ್ಮದು ದಪ್ಪದ ಬಗ್ಗೆ."

"ಅಕ್ಕ ಸತ್ತರೆ?"

ನಿರ್ದೇಶಕಿ ಹಣೆ ಹಿಡಿದುಕೊಂಡು ಕೂತಳು. ಕೆಟ್ಟವಳಲ್ಲ. ಆಮೇಲೆ ನನ್ನನ್ನು ಕೇಳಿದಳು, "ಅಕ್ಕಾ, ನಿಮಗೇನು ಬೇಕು ಹೇಳಿ."

"ಇನ್ನೆಷ್ಟು ದಿನ ಶೂಟಿಂಗ್ ಇದೆ?" ಎಂದೆ.

"ಎರಡು ವಾರ ಇರಬಹುದು."

"ಜಾಸ್ತಿ ಮಾಡೋಕಾಗುತ್ತಾ? ಕ್ಯಾಮರಾ ಖಾಲಿ ಇದ್ರೂ ಪರವಾಗಿಲ್ಲ. ಬಂದು ನಿಂತ್ಕೊಂಡು ಹೋಗಿ ಸಾಕು."

ಕ್ಯಾಮರಾದವನು ಕಿಟಕಿಯ ಆಚೆ ನೋಡುತ್ತಿದ್ದ.

ಏಪ್ರಿಲ್ 2, ಬುಧವಾರ

ಮುಂಗೈ ಮೂಳೆ ಬಿರುಕು ಬಿಟ್ಟಿದೆ, ಪಟ್ಟಿ ಹಾಕಿದ್ದಾರೆ. ಮೂಳೆ ಡಾಕ್ಟರು ಎಕ್ಸ್‌ರೇ ನೋಡಿ, "ಇಷ್ಟು ತೂಕ ಇಟ್ಕೊಂಡು ಬಿದ್ರೆ ಇನ್ನೇನಾಗುತ್ತೆ" ಎಂದರು. ಅವರ ಮೇಜಿನ ಮೇಲೆ ಕಾಗದ ಹಾರದಂತೆ ಇಡುವ ಗಾಜಿನ ಉಂಡೆಯೊಂದಿತ್ತು. ಅದನ್ನೆತ್ತಿ ಅವರ ಹಣೆಗೆ ಹೊಡೆದರೆ ಎಷ್ಟು ಆಳ ಇಳಿಯಬಹುದು ಎಂದು ಸುಮಾರು ಹೊತ್ತು ನೋಡುತ್ತ ಕೂತೆ. ಆಮೇಲೆ ಮಾತ್ರೆಯ ಚೀಟಿ ತೆಗೆದುಕೊಂಡು ಬಂದೆ.

ಮಿಲಿಟರಿಗೆ ಹೇಳಿಬಿಟ್ಟೆ. ಅವಳು ರೋಲರ್ ನಿಲ್ಲಿಸಿದಳು. ಅದು ನಿಂತದ್ದನ್ನು ನಾನು ನೋಡಿದ್ದೇ ಇಲ್ಲ. "ಹದಿನಾಲ್ಕು ವರ್ಷದಿಂದ ಬಿದ್ದೆ ಬಿದ್ದೆ ಅಂತಿದ್ದೀಯ. ನಾನೂ ನಂಬಿದ್ನಲ್ಲೇ, ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ" ಎಂದಳು. ಅವಳ ಮನೆಯ ಹಿಂದೆ ಒಂದು ಕೋಣೆ ಖಾಲಿ ಇದೆಯಂತೆ. ನೋಡೋಣ ಎಂದೆ.

ಏಪ್ರಿಲ್ 11, ಶುಕ್ರವಾರ

ಬ್ರೆಡ್ಡು. ಮೊಟ್ಟೆ. ಏಟಿಲ್ಲ. ಮನೆಯಲ್ಲಿ ಗಂಡನ ದನಿ ಕೇಳಿದರೆ ಮೈಗೆ ಮೊದಲೇ ಗೊತ್ತಾಗುತ್ತದೆ, ಇವತ್ತು ಇದೆಯೋ ಇಲ್ಲವೋ ಎಂದು. ನಿರ್ದೇಶಕಿ ಒಂದು ವಾರ ಜಾಸ್ತಿ ಮಾಡಿದ್ದಾಳೆ. ಸೌಂಡಿನ ಹುಡುಗಿ ಭಾನುವಾರವೂ ಬರುತ್ತಾಳೆ, "ಮನೆಯ ಮೌನ ರೆಕಾರ್ಡ್ ಮಾಡ್ಬೇಕು ಮೇಷ್ಟ್ರೇ" ಎಂದು ಹೇಳಿ ನಡುಮನೆಯಲ್ಲಿ ಹೆಡ್‌ಫೋನು ಹಾಕಿಕೊಂಡು ಕೂರುತ್ತಾಳೆ. ಅವರು ಅವಳಿಗೆ ಕಾರು ಕಲಿಸುತ್ತೇನೆಂದು ಹೇಳಿದ್ದಾರೆ. ಬೇಡ, ನಡೆಯೋದೇ ಇಷ್ಟ ಎಂದಳು.

ಏಪ್ರಿಲ್ 21, ಸೋಮವಾರ

ಶುಕ್ರವಾರ ಸಂಜೆ ಪೊಲೀಸರು ಕರೆದೊಯ್ದರು, ಎರಡು ದಿನ ಠಾಣೆಯಲ್ಲಿದ್ದೆ. ನಿನ್ನೆ ಸಂಜೆ ಬಿಟ್ಟರು. ಮಿಲಿಟರಿ ಬಂದು ಕರೆದುಕೊಂಡು ಹೋದಳು. ಈಗ ಲಾಂಡ್ರಿಯಲ್ಲಿ ಕೂತು ಬರೆಯುತ್ತಿದ್ದೇನೆ. ಆದದ್ದನ್ನು ಆದ ಹಾಗೇ ಬರೆಯುತ್ತೇನೆ.

ಶುಕ್ರವಾರ ಕೊನೆಯ ಶೂಟಿಂಗು. ಮಧ್ಯಾಹ್ನ ಎರಡಕ್ಕೆ ದೀಪಗಳನ್ನೆಲ್ಲ ಬಿಚ್ಚಿ ವ್ಯಾನಿಗೆ ತುಂಬಿದರು. ಅವನು, ನನ್ನ ಗಂಡ, ಗೇಟಿನವರೆಗೆ ಹೋಗಿ ಕೈ ಕುಲುಕಿ ಬೀಳ್ಕೊಟ್ಟ. ಸೌಂಡಿನ ಹುಡುಗಿ ನನ್ನ ಕಿವಿಯಲ್ಲಿ, "ಅಕ್ಕಾ, ಈಗಲೇ ಬಂದ್ಬಿಡಿ" ಎಂದಳು. ಬಟ್ಟೆ ತೆಗೆದುಕೊಂಡು ಅರ್ಧ ಗಂಟೆಯಲ್ಲಿ ಬರುತ್ತೇನೆ, ರಸ್ತೆಯ ತುದಿಯಲ್ಲಿರು ಎಂದೆ. ಅವನಿಗೆ ಮೂರಕ್ಕೆ ಪಾಠವಿತ್ತು, ಹೋಗುತ್ತಾನೆ ಎಂದುಕೊಂಡಿದ್ದೆ. ಅವನು ಹೋಗಲಿಲ್ಲ. ಚಿಲಕ ಹಾಕಿದ.

ನಾನು ಒಳಕೋಣೆಯಲ್ಲಿ ಚೀಲಕ್ಕೆ ಬಟ್ಟೆ ತುಂಬುತ್ತಿದ್ದೆ. ಬಾಗಿಲಲ್ಲಿ ನಿಂತು ನೋಡಿದ. "ಓಹೋ. ಸಿನಿಮಾ ನಟಿ ಹೊರಟ್ರು" ಎಂದ. ಸರಳು ಕೈಯಲ್ಲೇ ಇತ್ತು.

ಮೊದಲ ಏಟು ಪಟ್ಟಿ ಹಾಕಿದ ಕೈಗೆ. ಕಣ್ಣಲ್ಲಿ ಬೆಳ್ಳಗೆ ಮಿಂಚಿತು. ಎರಡನೆಯದು ಕುತ್ತಿಗೆಯ ಹಿಂದೆ. ಮೂರನೆಯದು ತಲೆಗೆ ಬರುತ್ತಿತ್ತು. ತಲೆಗೆ ಅವನು ಯಾವತ್ತೂ ಹೊಡೆದಿರಲಿಲ್ಲ. ಇವತ್ತು ಕೊಲ್ಲುತ್ತಾನೆ ಎಂದು ಗೊತ್ತಾಯಿತು.

ಎಡಗೈಯಲ್ಲಿ ಅವನ ಸೊಂಟಪಟ್ಟಿ ಹಿಡಿದೆ. ಎದೆಗೆ ಒರಗಿಸಿಕೊಂಡು ಎತ್ತಿದೆ. ಏನೂ ಭಾರವಿರಲಿಲ್ಲ, ಒದ್ದೆ ಗಂಟಿಗಿಂತ ಹಗುರ. ಗೋಡೆಗೆ ಹೊಡೆದೆ. ಸರಳು ಬಿತ್ತು. ಮತ್ತೆ ಗೋಡೆಗೆ ಹೊಡೆದೆ. ಬಾಯಿಂದ ರಕ್ತ ಬಂತು, ಹಲ್ಲು ಹೋಗಿರಬೇಕು. ನನ್ನ ಕೆನ್ನೆ ಕಚ್ಚಿದ. ಇಬ್ಬರೂ ಬಿದ್ದೆವು, ಅವನು ಕೆಳಗೆ, ನಾನು ಮೇಲೆ. ಬಿದ್ದಾಗ ಪಕ್ಕೆಲುಬು ಮುರಿದ ಸದ್ದು ಕೇಳಿಸಿತು. ಒಣಗಿದ ಕಡ್ಡಿ ಮುರಿದ ಹಾಗಲ್ಲ, ಹಸಿ ಕೊಂಬೆ ಮುರಿದ ಹಾಗೆ.

ಏಳಬಹುದಿತ್ತು. ಏಳಲಿಲ್ಲ. ಪೂರ್ತಿ ಭಾರ ಬಿಟ್ಟೆ. ಹದಿನಾಲ್ಕು ವರ್ಷ ನನ್ನ ಮೈಯನ್ನು ನಾನೇ ಹಿಡಿದು ಹಿಡಿದು ನಡೆದಿದ್ದೆ, ಬಸ್ಸಿನ ಸೀಟಿನಲ್ಲಿ, ಹಾಸಿಗೆಯಲ್ಲಿ, ಯಾರಿಗೂ ತಾಗದ ಹಾಗೆ. ಈಗ ಬಿಟ್ಟೆ. ಅವನ ಉಸಿರು ನನ್ನ ಕಿವಿಯ ಹತ್ತಿರ ಸಣ್ಣಗಾಗುತ್ತ ಬಂತು. "ಬಿಡು" ಎಂದ. "ನಿಧಾನ" ಎಂದೆ, "ಅವಸರ ಇಲ್ಲ."

ಬಾಗಿಲಲ್ಲಿ ಅತ್ತೆ ನಿಂತಿದ್ದರು. ಯಾವಾಗ ಬಂದರೋ. ಮಗನ ಕಡೆ ನೋಡಲಿಲ್ಲ.

"ಸತ್ತರೆ ನೀನು ಜೈಲಿಗೆ ಹೋಗ್ತೀಯ. ಏಳು" ಎಂದರು.

ಎದ್ದೆ.

ಏಪ್ರಿಲ್ 24, ಗುರುವಾರ

ಅವನಿಗೆ ನಾಲ್ಕು ಪಕ್ಕೆಲುಬು ಮುರಿದಿದೆ, ಒಂದು ಶ್ವಾಸಕೋಶಕ್ಕೆ ಚುಚ್ಚಿದೆ. ರಸ್ತೆಯ ತುದಿಯಲ್ಲಿ ಕಾಯುತ್ತಿದ್ದ ಹುಡುಗಿಯೇ ಆಂಬುಲೆನ್ಸ್ ಕರೆಸಿ ಸೇರಿಸಿದ್ದು, ನಮ್ಮ ಆಸ್ಪತ್ರೆಗೇ. ಅವನ ವಾರ್ಡಿನ ಹೊದಿಕೆಗಳು ನನ್ನ ಮಿಷನ್ನಿಗೇ ಬರುತ್ತವೆ.

ದೂರು ಅವನದು. ಕಾರಣವಿಲ್ಲದೆ ಹೆಂಡತಿ ಮೈಮೇಲೆ ಬಿದ್ದು ಕೊಲ್ಲಲು ನೋಡಿದಳು ಎಂದು. ತನಿಖೆ ಮಾಡುವವಳು ಒಬ್ಬ ಹೆಣ್ಣು ಇನ್ಸ್‌ಪೆಕ್ಟರ್. ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿ, "ನೂರ ನಲವತ್ತಾರು ಕಿಲೋ, ಐವತ್ತಾರು ಕಿಲೋ. ನೀವೇ ಹೇಳಿ, ಯಾರು ನಂಬ್ತಾರೆ?" ಎಂದಳು. ಮಾರುಕಟ್ಟೆಯಲ್ಲಿ ಆ ಗಡ್ಡದವನ ಗೆಳೆಯ ತೆಗೆದ ವೀಡಿಯೊ ಅವಳ ಫೋನಿನಲ್ಲಿತ್ತು. ಒದ್ದದ್ದು ಅದರಲ್ಲಿಲ್ಲ. ನಾನು ಹಿಂಡುವುದಷ್ಟೇ ಇದೆ. ನನ್ನ ಮುಖ ನೋಡಿದೆ. ನಗುತ್ತಿದ್ದೇನೆ. ಆವತ್ತು ನಕ್ಕಿದ್ದು ನೆನಪಿಲ್ಲ.

ಅತ್ತೆಯ ಹೇಳಿಕೆಯನ್ನೂ ಓದಿ ಹೇಳಿದಳು. "ನಾನು ಟೀವಿ ನೋಡುತ್ತಿದ್ದೆ. ಹೋಗಿ ನೋಡಿದಾಗ ಸೊಸೆ ಮಗನ ಮೇಲಿದ್ದಳು." ಸುಳ್ಳೇನೂ ಇಲ್ಲ.

ಏಪ್ರಿಲ್ 29, ಮಂಗಳವಾರ

ನಿರ್ದೇಶಕಿ ಲಾಂಡ್ರಿಗೆ ಬಂದಿದ್ದಳು. ಸೊರಗಿದ್ದಾಳೆ. ಸಿನಿಮಾಕ್ಕೆ ದುಡ್ಡು ಕೊಟ್ಟ ಸಂಸ್ಥೆಯವರು ಮೊದಲು ಕೈಬಿಡುತ್ತೇವೆ ಎಂದರಂತೆ, ಈಗ ಮುಂದುವರಿಸಿ ಎನ್ನುತ್ತಿದ್ದಾರಂತೆ. "ಅಕ್ಕಾ, ಈಗ ನಿಮ್ಮ ಕಥೆ ಇನ್ನೂ ದೊಡ್ಡದಾಗಿದೆ" ಎಂದಳು.

"ಮೊದಲೂ ಇದೇ ಕಥೆ ಇತ್ತು" ಎಂದೆ.

ಅವಳು ಅತ್ತಳು. ನಾನು ಹೊದಿಕೆ ಮಡಿಸುತ್ತಿದ್ದೆ. ಒಂದು ತುದಿ ಅವಳ ಕೈಗೆ ಕೊಟ್ಟೆ, ಹಿಡಿದುಕೊಂಡಳು. ಹದಿನೈದು ಹೊದಿಕೆ ಮಡಿಸಿದೆವು. ಆಮೇಲೆ ಕೇಳಿದೆ, "ಕೈ ಮುರಿದ ದಿನದ ಸೌಂಡು, ಮಾರುಕಟ್ಟೆಯಲ್ಲಿ ನೀವು ತೆಗೆದದ್ದು, ಎಲ್ಲಿವೆ?" ಎರಡೂ ಸಂಸ್ಥೆಯ ಸ್ವತ್ತು, ಹೊರಗೆ ಕೊಡುವಂತಿಲ್ಲ ಎಂದು ತನಗೆ ಪತ್ರ ಬಂದಿದೆ ಎಂದಳು. ಹೋಗುವಾಗ ಬಾಗಿಲ ಹತ್ತಿರ ನಿಂತು, "ನಮ್ಮ ಸೌಂಡಿನ ಹುಡುಗಿ ಹತ್ತಿರ ಆ ಸೌಂಡಿನ ಒಂದು ಪ್ರತಿ ಇದೆ. ನಾನು ವಾಪಸ್ ಕೇಳಿಲ್ಲ, ಕೇಳೋದೂ ಇಲ್ಲ" ಎಂದಳು.

ಮೇ 6, ಮಂಗಳವಾರ

ಸೌಂಡಿನ ಹುಡುಗಿ ಕೆಲಸ ಬಿಟ್ಟು, ಪ್ರತಿಯನ್ನು ತಂದು ಠಾಣೆಗೆ ಕೊಟ್ಟಳು. ಇವತ್ತು ಹಾಕಿದರು. ಇನ್ಸ್‌ಪೆಕ್ಟರ್, ನಾನು, ಹುಡುಗಿ, ಬರೆದುಕೊಳ್ಳುವ ಒಬ್ಬ ಕಾನ್‌ಸ್ಟೇಬಲ್.

ಮೊದಲು ಬಟ್ಟೆಯ ಸರಪರ. ನನ್ನ ಉಸಿರು, ತುಂಬ ಜೋರು. ಅವನ ಮಾತು. ಆಮೇಲೆ ಏಟು. ಮೈಮೇಲೆ ಬಿದ್ದಾಗ ಅಷ್ಟು ದೊಡ್ಡ ಸದ್ದು ಎಂದು ಗೊತ್ತಿರಲಿಲ್ಲ. ನಾನು ಕಿರುಚಿದ್ದೆ ಎಂದುಕೊಂಡಿದ್ದೆ. ಕಿರುಚಿಲ್ಲ. ಪ್ರತಿ ಏಟಿನ ನಡುವೆ ನನ್ನ ದನಿ, ಮೆತ್ತಗೆ, ಮನೆಗೆ ಬಂದ ನೆಂಟರ ಹತ್ತಿರ ಮಾತಾಡುವ ಹಾಗೆ:

"ಮುಖಕ್ಕೆ ಬೇಡ ರೀ. ಕ್ಯಾಮರಾದವರು ಬಂದಿದ್ದಾರೆ. ಇಲ್ಲಿ ಹೊಡೀರಿ, ಇಲ್ಲಿ. ಕಾಣಲ್ಲ."

ಮತ್ತೆ ಏಟು. "ಹೂಂ, ಅಲ್ಲೇ. ಮುಖಕ್ಕೆ ಬೇಡ."

ಕಾನ್‌ಸ್ಟೇಬಲ್ ಬರೆಯುವುದನ್ನು ನಿಲ್ಲಿಸಿದ. ಇನ್ಸ್‌ಪೆಕ್ಟರ್ ಯಂತ್ರ ಆರಿಸಲು ಕೈ ಚಾಚಿದಳು. ನಾನು ಅವಳ ಮಣಿಕಟ್ಟು ಹಿಡಿದೆ. ಕೋಣೆಯಲ್ಲಿ ಎಲ್ಲರೂ ಎದ್ದು ನಿಂತರು.

"ಪೂರ್ತಿ ಕೇಳಬೇಕು" ಎಂದೆ. ಆಮೇಲೆ ಬಿಟ್ಟೆ. ಅವಳ ಕೈಯಲ್ಲಿ ನನ್ನ ಬೆರಳುಗಳು ಕೆಂಪಗೆ ಮೂಡಿದ್ದವು.

ಪೂರ್ತಿ ಕೇಳಿದೆವು. ಇಪ್ಪತ್ತಮೂರು. ಹುಡುಗಿ ಮೊದಲೇ ಪ್ರತಿ ಕೇಳಿ ಎಣಿಸಿದ್ದಳಂತೆ.

ಇನ್ಸ್‌ಪೆಕ್ಟರ್ ಯಂತ್ರ ಆರಿಸಿ ಹೇಳಿದಳು, "ಇದು ಮಾರ್ಚಿನದು. ಹೊಸ ಕೇಸಿಗೆ ಇದು ಸಾಕು, ಅವನನ್ನ ಬಿಡಲ್ಲ. ಆದ್ರೆ ಆ ಶುಕ್ರವಾರ ಮೊದಲು ಕೈ ಎತ್ತಿದ್ದು ಯಾರು ಅಂತ ಕೋರ್ಟು ಕೇಳುತ್ತೆ. ಆ ಮನೆಯಲ್ಲಿ ಇನ್ನೊಬ್ಬರಿದ್ರಲ್ಲ."

ಇದ್ದರು. ಟೀವಿ ನೋಡುತ್ತಿದ್ದರು.

ಮೇ 9, ಶುಕ್ರವಾರ

ಮಿಲಿಟರಿಯ ಮನೆಯ ಹಿಂದಿನ ಕೋಣೆಯಲ್ಲಿ ಎರಡು ಕಿಟಕಿ. ಬಾಡಿಗೆ ಕೇಳಿದರೆ ಬೈಯುತ್ತಾಳೆ. ರಾತ್ರಿ ಅವಳು ನೀರು ಕೊಡಲು ಬಂದು ಭುಜ ಮುಟ್ಟಿದಳು. ತಿರುಗಿ ಗಂಟಲು ಹಿಡಿದುಬಿಟ್ಟಿದ್ದೆ. ಲೋಟ ಒಡೆಯಿತು. "ನಾನು ಕಣೇ, ನಾನು" ಎಂದಳು. ಬೆಳಿಗ್ಗೆ ಕುತ್ತಿಗೆಗೆ ಬಟ್ಟೆ ಸುತ್ತಿಕೊಂಡು ಕೆಲಸಕ್ಕೆ ಬಂದಳು. ಯಾರೋ ಕೇಳಿದ್ದಕ್ಕೆ ಶೀತ ಎಂದಳು.

ಅದನ್ನು ಕೇಳಿ ನನಗೆ ಊಟ ಸೇರಲಿಲ್ಲ.

ಮೇ 14, ಬುಧವಾರ

ಹತ್ತೂವರೆಗೆ ಕಾವಲಿನವನು ಬಂದು, "ಗೇಟಲ್ಲಿ ಯಾರೋ ಅಜ್ಜಿ, ನಿಮ್ಮನ್ನೇ ಕೇಳ್ತಿದ್ದಾರೆ" ಎಂದ. ಹೋದೆ. ಅತ್ತೆ. ಕೈಯಲ್ಲಿ ಒಂದು ಬಟ್ಟೆಯ ಚೀಲ. ಎಡಗಣ್ಣು ಮುಚ್ಚಿಹೋಗಿತ್ತು, ತುಟಿ ಸೀಳಿತ್ತು, ರಕ್ತ ಗಲ್ಲದಲ್ಲಿ ಒಣಗಿತ್ತು. ಅವನು ಜಾಮೀನು ಸಿಕ್ಕಿ ಶನಿವಾರ ಆಸ್ಪತ್ರೆಯಿಂದ ಮನೆಗೆ ಬಂದಿದ್ದಾನೆ. ಎದ್ದು ನಿಲ್ಲುವಷ್ಟು ಬಲ ಬಂದದ್ದು ಇವತ್ತು ಬೆಳಿಗ್ಗೆ.

ಒಳಗೆ ಕರೆತಂದು ಕೊಳೆಬಟ್ಟೆಯ ಗಂಟಿನ ಮೇಲೆ ಕೂರಿಸಿದೆ. ತಣ್ಣೀರಿನಲ್ಲಿ ಬಟ್ಟೆ ಅದ್ದಿ ಗಲ್ಲ ಒರೆಸಿದೆ. ಅವರು ನೋವು ಎನ್ನಲಿಲ್ಲ.

"ಇವನ ಅಪ್ಪ ಮೂವತ್ತೆಂಟು ವರ್ಷ ಹೊಡೆದ" ಎಂದರು. "ಅವನು ಹೋದ ಮೇಲೆ ನನಗೆ ಬಿಡುವು ಸಿಕ್ತು. ನಿನ್ನ ಮೈಮೇಲೆ ಬೀಳ್ತಿದ್ದಷ್ಟು ದಿನ ನನ್ನ ಮೈಗೆ ಬೀಳಲ್ಲ ಅಂತ ಗೊತ್ತಿತ್ತು. ಗೊತ್ತಿದ್ದೇ ಕೂತಿದ್ದೆ."

ಸಿಟ್ಟು ಬಂತು. ಬಟ್ಟೆ ಹಿಡಿದ ಕೈ ಬಿಗಿಯಾಯಿತು. ಮುಷ್ಟಿಯಿಂದ ನೀರು ಅವರ ಮಡಿಲಿಗೆ ಸುರಿಯಿತು. ಅವರು ತಲೆ ತಗ್ಗಿಸಿ, ಮುಖ ಪಕ್ಕಕ್ಕೆ ತಿರುಗಿಸಿ ಕಾದರು. ಹೊಡೆತ ಬರುವ ಮುಂಚೆ ಹಾಗೆ ತಿರುಗಿಸುವುದು ನನಗೆ ಗೊತ್ತು.

ಹೊಡೆಯಲಿಲ್ಲ. ಆದರೆ ಕೈ ಸಡಿಲವಾಗಲು ತುಂಬ ಹೊತ್ತು ಹಿಡಿಯಿತು. ಮಿಲಿಟರಿ ರೋಲರಿನ ಆಚೆ ನಿಂತು ನೋಡುತ್ತಿದ್ದಳು.

ಕೊನೆಗೆ ಕೇಳಿದೆ, "ಅತ್ತೆ, ಆವತ್ತು ಮೊದಲು ಹೊಡೆದದ್ದು ಯಾರು ಅಂತ ಪೊಲೀಸರ ಹತ್ತಿರ ಹೇಳ್ತೀರಾ?"

ಅವರು ಚೀಲವನ್ನು ಕಾಲ ಹತ್ತಿರ ಎಳೆದುಕೊಂಡರು.

"ಅಲ್ಲಿಂದಾನೇ ಬರ್ತಿದ್ದೀನಿ" ಎಂದರು. "ಬರೆಸಿ, ಹೆಬ್ಬೆಟ್ಟು ಒತ್ತಿ ಬಂದೆ. ಮುಖ ತೊಳ್ಕೊಂಡು ಹೋಗೋಣ ಅಂತಿದ್ದೆ. ಬೇಡ, ಹೀಗೇ ನೋಡ್ಲಿ ಅಂತ ಹಾಗೇ ಹೋದೆ."